ಪ್ರಾಚೀನತೆಯ ಮುಸುಕು

ಐರೋಪ್ಯ ವಯಸ್ಕ ಚಿತ್ರಗಳ ಪಾಲಿಗೆ ಪಿರಮಿಡ್ಡು, ನೈಲ್ ನದಿ, ಕ್ಲಿಯೋಪಾತ್ರ ಎಲ್ಲವೂ ಸಂಕೋಚ ಕಳಚಲು ದೊರೆತ ಪರವಾನಗಿ. ಅದರ ನೆರಳು ಗಿರೀಶ ಕಾರ್ನಾಡರ ಹಿಂದಿ ಚಿತ್ರ ‘ಉತ್ಸವ’ದ (1984) ಮೇಲೂ ಬಿದ್ದಿದೆ. ಅಗ್ಗದ ಕೃತಿಯಲ್ಲವಿದು, ವಾತ್ಸ್ಯಾಯನನನ್ನೇ ಪಾತ್ರವಾಗಿಸಿದ ಜಾಣ್ಮೆ ಮೆಚ್ಚತಕ್ಕದ್ದೇ. ಆದರೆ ಶೂದ್ರಕನ ‘ಮೃಚ್ಛಕಟಿಕ’ದಲ್ಲಿ ವಸಂತಸೇನೆಯ ಒಡವೆಗಳು ಅಳುವ ಬಾಲಕನ ಮಣ್ಣಿನ ಬಂಡಿಯನ್ನು ತುಂಬುತ್ತವೆ, ನಾಟಕಕ್ಕೆ ಹೆಸರು ಬಂದುದೇ ಆ ಬಂಡಿಯಿಂದ. ಚಿತ್ರ ನೋಡಿದವರ ನೆನಪಿನಲ್ಲಿ ಉಳಿದದ್ದು ಮಾತ್ರ ಒಡವೆ ಕಳಚುವ ಶೃಂಗಾರದೃಶ್ಯ.

941ರ ಸುಮಾರಿಗೆ ‘ಆದಿಪುರಾಣ’ ರಚಿಸಿದ ಪಂಪನೂ ನೀಲಾಂಜನೆಯ ನೃತ್ಯವನ್ನು ಕಣ್ತುಂಬ ವರ್ಣಿಸಿದ್ದಾನೆ. ಶೃಂಗಾರಕ್ಕೆ ಅವನೇನೂ ಅಂಜಿದವನಲ್ಲ. ನರ್ತಿಸುತ್ತಲೇ ಆಕೆಯ ಆಯುಷ್ಯ ಮುಗಿಯುತ್ತದೆ. ರಸಭಂಗವಾಗದಂತೆ ಇಂದ್ರನು ಅಂಥವಳನ್ನೇ ಮತ್ತೊಬ್ಬಳನ್ನು ನಿಲ್ಲಿಸುತ್ತಾನೆ. ಸಭೆಗೆ ಅದು ತಿಳಿಯದು, ಆದಿದೇವನಿಗೆ ತಿಳಿಯುತ್ತದೆ. ‘ಉತ್ಸವ’ದ ಕ್ಯಾಮೆರಾ ಸಭೆಯವರೊಡನೆ ಕುಳಿತಿದೆ.