ಬೆನ್ನು ತೋರಿಸಿ ಗೆಲ್ಲುವ ಪ್ರಾಣಿ

ಜಾಡು ನೋಡುವ ಚಟ ಹತ್ತಿದವರಿಗೆ ಮಳೆ ಹೊಳವಾದ ಮರುದಿನದ ಬೆಳಗು ಹಬ್ಬವಿದ್ದಂತೆ. ಕಳೆದ ವಾರ ಸಾಗರದ ಕಡೆ ಭಾವನ ಮನೆಯಲ್ಲಿದ್ದೆ. ಕಾಫಿ ಲೋಟ ಕೈಗೆ ಬರುವ ಮೊದಲೇ ಭಾವ ತೋಟದಿಂದ ಬಂದು, “ನಿನ್ನ ನೆಂಟ ರಾತ್ರಿ ಬಂದಿದ್ದ ಮಾರಾಯ, ಐದು ಸಸಿ ಮಲಗಿಸಿ ಹೋಗಿದ್ದಾನೆ” ಎಂದ. ಅವನ ಸಂಕಟ ಅವನಿಗೆ. ನಾನು ಕಾಫಿಯನ್ನೂ ಬಿಟ್ಟು ಚಪ್ಪಲಿ ಮೆಟ್ಟಿದ್ದು ಅತ್ತಿಗೆಗೂ ಅಷ್ಟು ಸರಿಬರಲಿಲ್ಲ.

ಎರಡು ವರ್ಷದ ಅಡಕೆ ಸಸಿಗಳು ಬುಡ ಕತ್ತರಿಸಿಕೊಂಡು ಬಿದ್ದಿದ್ದವು. ಕತ್ತರಿಸಿದ ಜಾಗದಲ್ಲಿ ಸಣ್ಣ ಉಳಿಯಿಂದ ಕೆತ್ತಿದ ಹಾಗೆ ಜೋಡಿ ಗೀರುಗಳು. ಕಾಡುಹಂದಿಯಾಗಿದ್ದರೆ ಮಣ್ಣು ಉತ್ತಂತೆ ಎದ್ದಿರುತ್ತಿತ್ತು. ಇಲ್ಲಿ ನೆಲ ಹೆಚ್ಚು ಕದಡಿರಲಿಲ್ಲ, ಬುಡದ ಎಳೆಯ ತಿರುಳು ಮಾತ್ರ ಮಾಯ. ಕಾದಿಗೆಯ ಅಂಚಿನ ಹಸಿ ಕೆಸರಿನಲ್ಲಿ ಹೆಜ್ಜೆ ಸಿಕ್ಕಿತು. ಹಿಂಗಾಲಿನ ಗುರುತು ಪುಟ್ಟ ಕೂಸಿನ ಪಾದದಂತೆ ಉದ್ದ, ಏಕೆಂದರೆ ಇದು ಅಂಗಾಲು ಪೂರ್ತಿ ಊರಿ ನಡೆಯುವ ಪ್ರಾಣಿ. ಮುಂಗಾಲಿನದು ಗಿಡ್ಡ, ನಾಲ್ಕೇ ಬೆರಳು ಒತ್ತಿರುತ್ತವೆ. ಆದರೆ ಪಳಗಿದ ಕಣ್ಣು ಮೊದಲು ಹುಡುಕುವುದು ಹೆಜ್ಜೆಯ ಪಕ್ಕದ ಸಣ್ಣ ಗೆರೆಗಳನ್ನು. ಹಿಂಬದಿಯ ಮುಳ್ಳುಗಳು ನೆಲ ಸವರಿ, ಹಿಡಿಕಡ್ಡಿ ಎಳೆದುಕೊಂಡು ಹೋದಂತೆ ಗೀರಿರುತ್ತವೆ. ಅದೊಂದು ಕಂಡರೆ ಬೇರೆ ಸಾಕ್ಷಿ ಬೇಡ: ಮುಳ್ಳುಹಂದಿ.

ಹೆಸರಿನಲ್ಲಿ ಹಂದಿಯಿದ್ದರೂ ಇದು ಇಲಿ–ಅಳಿಲುಗಳ ಬಳಗದ್ದು. ನಮ್ಮ ಚಿಪ್ಪುಹಂದಿಯೂ ಹಂದಿಯಲ್ಲ. ಈ ತಪ್ಪು ನಮ್ಮದೊಂದೇ ಅಲ್ಲ. ಇಂಗ್ಲಿಷಿನ ಪಾರ್ಕ್ಯುಪೈನ್ ಪದವನ್ನು ಬಿಡಿಸಿದರೂ ಸಿಗುವುದು ಮುಳ್ಳಿನ ಹಂದಿಯೇ. ಸಂಸ್ಕೃತದವರು ಮಾತ್ರ ಅನುಭವದಿಂದ ಹೆಸರಿಟ್ಟಿದ್ದಾರೆ. ಶ್ವಾವಿಧ, ಅಂದರೆ ನಾಯಿಯನ್ನು ಚುಚ್ಚುವುದು! ಮೂತಿಯ ತುಂಬ ಮುಳ್ಳು ನೆಟ್ಟುಕೊಂಡು ಕುಂಯ್‌ಗುಡುತ್ತ ಮನೆಗೆ ಬಂದ ನಾಯಿಯನ್ನು ಕಂಡವರಾರೋ ಇಟ್ಟ ಹೆಸರಿರಬೇಕು. ರಾಮಾಯಣದ ವಾಲಿ ಸಾಯುತ್ತ ರಾಮನೊಡನೆ ವಾದಿಸುವಾಗ, ತಿನ್ನಬಹುದಾದ ಐದು ಉಗುರಿನ ಐದು ಪ್ರಾಣಿಗಳನ್ನು ಎಣಿಸುತ್ತಾನಲ್ಲ, ಅದರಲ್ಲೂ ಶ್ವಾವಿಧವಿದೆ.

ನಮ್ಮಲ್ಲಿರುವುದು ಹಿಸ್ಟ್ರಿಕ್ಸ್ ಇಂಡಿಕಾ. 11ರಿಂದ 18 ಕಿಲೋ ತೂಗುತ್ತದೆ. ಹಗಲಿಡೀ ಬಿಲದಲ್ಲೋ ಬಂಡೆಯ ಸಂದಿನಲ್ಲೋ ಇದ್ದು ಕತ್ತಲಾದ ಮೇಲೆ ಹೊರಬೀಳುತ್ತದೆ. ಗೆಡ್ಡೆ, ಬೇರು, ತೊಗಟೆ, ಬಿದ್ದ ಹಣ್ಣು ಇದರ ಊಟ. ಹಲಸಿನ ಕಾಲದಲ್ಲಿ ಮರದ ಬುಡ ಬಿಟ್ಟು ಕದಲುವುದಿಲ್ಲ.

ಭಾವನ ಮನೆಯ ಗಿಳಿಗೂಟದ ಪಕ್ಕದಲ್ಲಿ ಹಳೆಯ ಮುಳ್ಳುಗಳ ಕಟ್ಟೊಂದಿದೆ, ಅವನ ಅಜ್ಜನ ಕಾಲದ್ದು. ಒಂದನ್ನು ಎಳೆದು ಬೆರಳ ಮೇಲಿಟ್ಟುಕೊಂಡೆ. ಒಂದು ಗೇಣಿಗಿಂತ ಸ್ವಲ್ಪ ಉದ್ದ. ಕಪ್ಪು, ಬಿಳಿ, ಕಪ್ಪು, ಬಿಳಿ ಎಂದು ಪಟ್ಟೆ. ನಡು ದಪ್ಪ, ತುದಿ ದಬ್ಬಳದಂತೆ. ಆದರೆ ತೂಕವೆಂಬುದೇ ಇಲ್ಲ, ಉಫ್ ಎಂದರೆ ಉರುಳಿಹೋಗುತ್ತದೆ. ಬುಡ ಮಾತ್ರ ಥಟ್ಟನೆ ಸಣ್ಣದಾಗಿ ಕೊರಳು ಹಿಸುಕಿದಂತಿದೆ. ಚರ್ಮದಲ್ಲಿ ಕೂತಿರುವುದು ಆ ಸಣ್ಣ ಕೊರಳಿನಿಂದಲೇ. ಹಾಗಾಗಿ ಶತ್ರುವಿಗೆ ಚುಚ್ಚಿದ ಮುಳ್ಳು ಅಲ್ಲೇ ಉಳಿಯುತ್ತದೆ, ಯಜಮಾನ ಹೊರಟುಹೋಗುತ್ತಾನೆ. ಮುಳ್ಳೆಂದು ಕರೆದರೂ ಇದು ಕೂದಲೇ, ನಮ್ಮ ಉಗುರಿನ ವಸ್ತುವಿನಿಂದಲೇ ಆದ ದಪ್ಪ ಕೂದಲು. ಬೆನ್ನಿನವು ಸಾಮಾನ್ಯವಾಗಿ 15ರಿಂದ 30 ಸೆಂಟಿಮೀಟರ್. ಕುತ್ತಿಗೆಯ ಮೇಲಿನವು ಇನ್ನೂ ಉದ್ದ, ತೆಳ್ಳಗೆ ಬಳುಕುತ್ತವೆ. ಶೋಭೆಯೆಲ್ಲ ಈ ಉದ್ದನೆಯವುಗಳದು. ಗಾಯ ಮಾಡುವುದು ಅವುಗಳ ಅಡಿಯಲ್ಲಿ ಅಡಗಿರುವ ಗಿಡ್ಡ, ಗಟ್ಟಿ ಮುಳ್ಳು.

“ಇದನ್ನೇ ಬಾಣದ ಹಾಗೆ ಬಿಡುತ್ತದಂತಲ್ಲ?” ಅತ್ತಿಗೆ ಕೇಳಿದರು. ಈ ಮಾತು ಬಲು ಹಳೆಯದು. ರೋಮಿನ ಪ್ಲಿನಿ ಸುಮಾರು 2000 ವರ್ಷಗಳ ಹಿಂದೆಯೇ ಇದನ್ನು ಬರೆದಿಟ್ಟಿದ್ದಾನೆ. ತಮಿಳಿನಲ್ಲಿ ಈ ಪ್ರಾಣಿಗೆ ‘ಎಯ್’ ಎಂಬ ಹಳೆಯ ಹೆಸರೂ ಇದೆ. ಬಾಣ ಬಿಡುವುದಕ್ಕೂ ಅಲ್ಲಿ ಅದೇ ಪದ. ಆದರೆ ಎಸೆಯುವ ಶಕ್ತಿ ಯಾವ ಮುಳ್ಳುಹಂದಿಗೂ ಇಲ್ಲ. ಮೈ ಕೊಡವಿದಾಗ ಸಡಿಲಾದ ಒಂದೆರಡು ಉದುರಬಹುದು, ಅಷ್ಟೆ. ಅದು ನಿಜಕ್ಕೂ ಮಾಡುವುದು ಇದಕ್ಕಿಂತ ಸ್ವಾರಸ್ಯದ್ದು.

ನಾನು ಒಮ್ಮೆ ಹತ್ತಿರದಿಂದ ಕಂಡಿದ್ದೇನೆ. ಸೊಪ್ಪಿನಬೆಟ್ಟದ ಅಂಚಿನಲ್ಲಿ, ಧರೆಯ ತಿರುವಿನಲ್ಲಿ, ಟಾರ್ಚಿನ ಬೆಳಕಿಗೆ ಎದುರಾಯಿತು. ಹತ್ತು ಹೆಜ್ಜೆಯೂ ದೂರವಿರಲಿಲ್ಲ. ಮೊದಲು ಗಕ್ಕನೆ ನಿಂತಿತು. ಆಮೇಲೆ ಮೈಯ ಮುಳ್ಳೆಲ್ಲ ಎದ್ದವು. ನಮಗೆ ಚಳಿಗೆ ರೋಮ ನಿಮಿರುವ ಬಗೆಯೇ ಇದೂ. ಚರ್ಮದಡಿಯ ಸ್ನಾಯುಗಳು ಸೆಳೆಯುತ್ತವೆ. ದೊಡ್ಡ ಬೆಕ್ಕಿನಷ್ಟು ಕಂಡಿದ್ದ ಪ್ರಾಣಿ ಕಣ್ಣೆದುರೇ ಭತ್ತದ ಬುಟ್ಟಿಯಷ್ಟಾಯಿತು. ನಂತರ ಸದ್ದು. ಒಣಗಿದ ತೊಗರಿಕಾಯಿಯ ಕಂತೆಯನ್ನು ಯಾರೋ ಅಲ್ಲಾಡಿಸಿದ ಹಾಗೆ ಸರಸರ, ಜೊತೆಗೆ ಹಿಂಗಾಲಿನಿಂದ ನೆಲಕ್ಕೆ ಧಪ್ ಧಪ್ ಎಂಬ ಹೊಡೆತ, ಗಂಟಲಿನಿಂದ ಗುರುಗುಟ್ಟು. ಆ ಸರಸರ ಬರುವುದು ಬಾಲದ ತುದಿಯ ಬೇರೆಯೇ ಜಾತಿಯ ಮುಳ್ಳುಗಳಿಂದ. ಅವು ಚೂಪಿಲ್ಲ. ತೆಳ್ಳನೆಯ ತೊಟ್ಟಿನ ಮೇಲೆ ಕೂತ, ಬಾಯಿ ತೆರೆದ ಟೊಳ್ಳು ಬಟ್ಟಲುಗಳು. ಒಂದಕ್ಕೊಂದು ಬಡಿದು ಗಿಲಕಿಯಾಗುತ್ತವೆ. ಚುಚ್ಚಲಾರದ, ಬರಿಯ ಸದ್ದಿಗೇ ಇರುವ ಮುಳ್ಳು! ಇಡೀ ಪ್ರಾಣಿಯಲ್ಲಿ ನನಗೆ ಅತ್ಯಂತ ಮೆಚ್ಚುಗೆಯಾದ ಅಂಗ ಇದೇ. ಕತ್ತಲಲ್ಲಿ ಕಪ್ಪು–ಬಿಳಿ ಪಟ್ಟೆ ಕಾಣದವರಿಗೂ ಕಿವಿಯಿರುತ್ತದಲ್ಲ.

ಅಷ್ಟಕ್ಕೂ ಜಾಗ ಬಿಡದಿದ್ದರೆ ಕೊನೆಯ ಪಟ್ಟು. ಬೆನ್ನು ತೋರಿಸುವುದೆಂದರೆ ನಮ್ಮ ಮಾತಿನಲ್ಲಿ ಸೋತು ಓಡುವುದು. ಮುಳ್ಳುಹಂದಿ ಬೆನ್ನು ತೋರಿಸಿತೆಂದರೆ ಓಡಬೇಕಾದವರು ನಾವು. ತಿರುಗಿ, ಹಿಂದು ಹಿಂದಕ್ಕೇ ರಭಸದಿಂದ ನುಗ್ಗಿ, ಸೊಂಟದ ಗಿಡ್ಡ ಮುಳ್ಳುಗಳನ್ನು ನಾಟಿಬಿಡುತ್ತದೆ. ಅಂದು ನನ್ನೆದುರಿನದು ಬೆನ್ನು ತಿರುಗಿಸಿದ್ದು ಹೌದು. ನಾನು ನಾಲ್ಕು ಹೆಜ್ಜೆ ಹಿಂದೆ ಸರಿದೆ, ಅದು ಮುಳ್ಳನ್ನು ಒಂದೊಂದಾಗಿ ಮಲಗಿಸಿಕೊಂಡು ಸೊಪ್ಪಿನೊಳಗೆ ಇಳಿಯಿತು. ಅವಸರವೇನೂ ಇರಲಿಲ್ಲ.

ಇಷ್ಟೆಲ್ಲ ಎಚ್ಚರಿಕೆಯನ್ನೂ ಕೇಳದವರಿಗೆ ಏನಾಗುತ್ತದೆಂದು ತಿಳಿಯಲು ಜಿಮ್ ಕಾರ್ಬೆಟ್ 1944ರಲ್ಲಿ ಪ್ರಕಟಿಸಿದ ಕುಮಾವೂಂ ನರಭಕ್ಷಕಗಳ ಪುಸ್ತಕ ನೋಡಬೇಕು. ಮುಕ್ತೇಶ್ವರದ ಹೆಣ್ಣುಹುಲಿ ಇನ್ನೂ ಪ್ರಾಯದ್ದು. ಮುಳ್ಳುಹಂದಿಯ ಮೇಲೆ ಬಿದ್ದು ಒಂದು ಕಣ್ಣು ಕಳೆದುಕೊಂಡಿತು. ಬಲ ಮುಂಗಾಲಿನಲ್ಲಿ ಸುಮಾರು 50 ಮುಳ್ಳು. ಮೂಳೆಗೆ ತಾಗಿದ ಕೆಲವು ಒಳಗೇ ಕೊಂಡಿಯಂತೆ ಬಾಗಿದ್ದವು. ಹಲ್ಲಿನಿಂದ ಕೀಳಲು ಹೋಗಿ ಗಾಯ ಕೀವಾಯಿತು. ಹಸಿದು, ಗಾಯ ನೆಕ್ಕುತ್ತ ಹುಲ್ಲಿನಲ್ಲಿ ಮಲಗಿದ್ದಾಗ ಹೆಂಗಸೊಬ್ಬಳು ಅದೇ ಹುಲ್ಲು ಕೊಯ್ಯಲು ಬಂದಳು. ತೀರ ಹತ್ತಿರಕ್ಕೆ ಬರುವವರೆಗೂ ಹುಲಿ ಸುಮ್ಮನಿದ್ದು, ಆಮೇಲೆ ಒಂದೇ ಏಟು. ಅಲ್ಲಿಂದ ಶುರುವಾದದ್ದು 24 ಜನರ ಸಾವಿನಲ್ಲಿ ಮುಗಿಯಿತು. ಮುಖಕ್ಕೆ ಮುಳ್ಳಿಲ್ಲದ್ದರಿಂದ, ಪಳಗಿದ ಹುಲಿ–ಚಿರತೆಗಳು ತಲೆಗೇ ಬಾಯಿ ಹಾಕಿ ತಿನ್ನುತ್ತವೆ. ಕಲಿಯುವುದರೊಳಗೆ ಎಷ್ಟು ಮರಿಗಳು ಕುಂಟಾಗುತ್ತವೋ.

ಉತ್ತರ ಅಮೆರಿಕದ ಮುಳ್ಳುಹಂದಿ ಮರ ಹತ್ತುತ್ತದೆ. ಅದರ ಮೈಯಲ್ಲಿ 30,000ದಷ್ಟು ಸಣ್ಣ ಮುಳ್ಳು, ತುದಿಯಲ್ಲಿ ಗಾಳದಂಥ ಹಿಮ್ಮುಖ ಕೊಕ್ಕೆ. ನಮ್ಮದಕ್ಕೆ ಆ ಕೊಕ್ಕೆಯಿಲ್ಲ. ಅಲ್ಲಿನದನ್ನು ಬಹುಕಾಲ ಅಧ್ಯಯನ ಮಾಡಿದ ಉಲ್ಡಿಸ್ ರೋಜ್ ಎಂಬ ವಿಜ್ಞಾನಿಯ ತೋಳಿಗೇ ಒಂದು ಮುಳ್ಳು ಹೊಕ್ಕಿತು. ಎರಡು ದಿನದ ಮೇಲೆ ಅದು ಕೈಯ ಕೆಳಭಾಗದಿಂದ ತಾನಾಗಿ ಹೊರಬಂತು, ಕೀವೂ ಆಗಲಿಲ್ಲ. ಏಕೆಂದು ಹುಡುಕಿ, ಮುಳ್ಳಿನ ಮೇಲಿನ ಜಿಡ್ಡಿಗೆ ಬ್ಯಾಕ್ಟೀರಿಯಾ ತಡೆಯುವ ಗುಣವಿದೆ ಎಂದು ಅವರು ತೋರಿಸಿದರು. ಮರ ಹತ್ತುವ ಪ್ರಾಣಿ ಬಿದ್ದು ತನ್ನ ಮುಳ್ಳನ್ನೇ ಚುಚ್ಚಿಕೊಳ್ಳುವ ಅಪಾಯವಿದೆ ನೋಡಿ.

ಆ ಬೆಳಿಗ್ಗೆ ಭಾವನೂ ನಾನೂ ಧರೆಯ ಬಿಲದವರೆಗೂ ಜಾಡು ಹಿಡಿದು ಹೋದೆವು. ಬಾಯಲ್ಲಿ ಹೊಸ ಮಣ್ಣು, ಎರಡು ಮುಳ್ಳು, ಒಂದು ದನದ ಮೂಳೆ. ಮೂಳೆಯ ಅಂಚಿನುದ್ದಕ್ಕೂ ಸಸಿಯ ಬುಡದಲ್ಲಿ ಕಂಡ ಅದೇ ಜೋಡಿ ಗೀರು. ಬಾಚಿಹಲ್ಲು ಜೀವಮಾನವಿಡೀ ಬೆಳೆಯುತ್ತಲೇ ಇರುವುದರಿಂದ ಸವೆಸಲೇಬೇಕು. ಸುಣ್ಣ, ರಂಜಕದ ಅಂಶವೂ ಸಿಗುತ್ತದೆ. ಜಿಂಕೆಗಳು ವರ್ಷವರ್ಷವೂ ಉದುರಿಸುವ ಕೊಂಬು ಕಾಡಿನಲ್ಲಿ ಹೆಚ್ಚು ಕಾಲ ಉಳಿಯದಿರಲು ಇವರೂ ಒಂದು ಕಾರಣ.

“ಬಿಲಕ್ಕೆ ಹೊಗೆ ಹಾಕಿದರೆ ಒಂದೇ ದಿನದ ಕೆಲಸ ಅಂತಾರೆ,” ಎಂದ ಭಾವ. 1972ರ ವನ್ಯಜೀವಿ ಕಾಯ್ದೆ ಅವನಿಗೆ ಗೊತ್ತಿಲ್ಲದ್ದೇನಲ್ಲ, ಕೊಂದರೆ ಜೈಲು. ಜೊತೆಗೆ ಇನ್ನೊಂದು ಋಣವೂ ಇದೆ. ಗಿಳಿಗೂಟದ ಪಕ್ಕದ ಕಟ್ಟಿನಲ್ಲಿ ಒಂದು ಮುಳ್ಳನ್ನು ಬೇರೆಯಾಗಿ ದರ್ಭೆಯಲ್ಲಿ ಸುತ್ತಿಟ್ಟಿದ್ದಾರೆ. ಸೀಮಂತದಲ್ಲಿ ಬಸುರಿಯ ಬೈತಲೆ ತೆಗೆಯಲು ಗೃಹ್ಯಸೂತ್ರಗಳು ಹೇಳುವುದು ಮುಳ್ಳುಹಂದಿಯ ಮುಳ್ಳನ್ನೇ, ಅದೂ ಮೂರು ಕಡೆ ಬಿಳುಪಿರುವುದನ್ನು. ಅತ್ತಿಗೆಯ ಸೀಮಂತಕ್ಕೂ, ಭಾವನ ತಾಯಿಯ ಸೀಮಂತಕ್ಕೂ ಅದೇ ಮುಳ್ಳು.

ಹಿಂದಿರುಗುವಾಗ ಕಾದಿಗೆಯ ಹತ್ತಿರ ಇನ್ನೊಮ್ಮೆ ಬಗ್ಗಿ ನೋಡಿದೆ. ಬೆಳಿಗ್ಗೆ ಅವಸರದಲ್ಲಿ ಒಂದೇ ಸಾಲು ಕಂಡಿದ್ದೆ, ಇದ್ದದ್ದು ಎರಡು. ಗಂಡು–ಹೆಣ್ಣು ಜೊತೆಯಾಗಿಯೇ ಬಾಳುವ ಪ್ರಾಣಿ, ಅದರಲ್ಲಿ ಅಚ್ಚರಿಯಿಲ್ಲ. ಎರಡರ ನಡುವೆ, ಹೆಬ್ಬೆರಳಿನಷ್ಟು ಉದ್ದದ ಹೆಜ್ಜೆಗಳ ಮೂರನೆಯ ಸಾಲೊಂದಿತ್ತು. ಭಾವನಿಗೆ ತೋರಿಸಿದೆ. ಅವನು ಪಂಚೆ ಎತ್ತಿ ಕಟ್ಟಿ ಸ್ವಲ್ಪ ಹೊತ್ತು ಕುಕ್ಕರಗಾಲಿನಲ್ಲಿ ಕೂತು ನೋಡಿದ.

“ಹಾಗಾದರೆ ಬರುವ ವರ್ಷ ಹತ್ತು ಸಸಿ ಹೆಚ್ಚಿಗೆ ತರಬೇಕು” ಎಂದ.