ಹೇಳಿಸಿದ ನಿಷ್ಠೆ: ಅಮೆರಿಕದ ಶಾಲೆಗಳಲ್ಲಿ ಧ್ವಜ ಪ್ರತಿಜ್ಞೆ

ಅಮೆರಿಕದ ಶಾಲಾಮಕ್ಕಳು ಬೆಳಗ್ಗೆ ಬಾವುಟದ ಕಡೆ ತಿರುಗಿ, ಬಲಗೈಯನ್ನು ಎದೆಯ ಮೇಲಿಟ್ಟು ಹೇಳುವ ಧ್ವಜ ಪ್ರತಿಜ್ಞೆ ಹುಟ್ಟಿದ್ದು 1892ರಲ್ಲಿ, ಒಂದು ಪತ್ರಿಕಾ ಕಚೇರಿಯಲ್ಲಿ. ಬಾಸ್ಟನ್ನಿನ ‘ದ ಯೂತ್ಸ್ ಕಂಪ್ಯಾನಿಯನ್’ ಎಂಬ ವಾರಪತ್ರಿಕೆ ಆಗ ಪ್ರತಿ ಶಾಲೆಯ ಮೇಲೂ ಬಾವುಟ ಹಾರಬೇಕೆಂದು ಚಳವಳಿ ನಡೆಸುತ್ತಿತ್ತು. ಅದರ ಹಿಂದಿದ್ದವರು ಜೇಮ್ಸ್ ಅಪ್‌ಹ್ಯಾಮ್. ದೇಶಭಕ್ತಿಯ ಜೊತೆಗೆ ವ್ಯಾಪಾರವೂ ನಡೆಯುತ್ತಿತ್ತು. ಪತ್ರಿಕೆ ಶಾಲೆಗೆ 100 ಚೀಟಿ ಕಳಿಸುವುದು, ಮಕ್ಕಳು ಒಂದೊಂದನ್ನು 10 ಸೆಂಟಿಗೆ ಮಾರುವುದು, ಕೂಡಿಬಂದ 10 ಡಾಲರಿಗೆ ಬಾವುಟ ತರಿಸಿಕೊಳ್ಳುವುದು. ಚೀಟಿ ಕೊಂಡವರಿಗೆ ಶಾಲಾ ಬಾವುಟದ ದೇಶಭಕ್ತಿಯ ಪ್ರಭಾವದಲ್ಲಿ ಒಂದು ಪಾಲು ದಕ್ಕುತ್ತದೆಂದು ಅದರ ಮೇಲೆಯೇ ಅಚ್ಚಾಗಿರುತ್ತಿತ್ತು.

ಕೊಲಂಬಸ್ ಅಮೆರಿಕ ತಲುಪಿದ 400ನೇ ವರ್ಷದ ಆಚರಣೆಗೆ ಪತ್ರಿಕೆ ಶಾಲೆಗಳಿಗಾಗಿ ಒಂದು ಕಾರ್ಯಕ್ರಮ ಸಿದ್ಧಪಡಿಸಿತು. ಅದಕ್ಕೆ ಪ್ರತಿಜ್ಞೆ ಬರೆದುಕೊಟ್ಟವರು ಫ್ರಾನ್ಸಿಸ್ ಬೆಲ್ಲಮಿ. ಸಮಾಜವಾದಿ ಒಲವಿನ ಬ್ಯಾಪ್ಟಿಸ್ಟ್ ಪಾದ್ರಿ. ಸೆಪ್ಟೆಂಬರ್ 8ರ ಸಂಚಿಕೆಯಲ್ಲಿ ಅದು ಲೇಖಕರ ಹೆಸರಿಲ್ಲದೆ ಪ್ರಕಟವಾಯಿತು. ಹೇಳುವ ಕ್ರಮವನ್ನೂ ಅಲ್ಲಿಯೇ ವಿವರಿಸಲಾಗಿತ್ತು. ಮುಖ್ಯೋಪಾಧ್ಯಾಯರ ಸಂಜ್ಞೆಗೆ ಮಕ್ಕಳು ಸಾಲಾಗಿ ಬಾವುಟಕ್ಕೆ ಮುಖಮಾಡಿ ನಿಲ್ಲಬೇಕು. ಇನ್ನೊಂದು ಸಂಜ್ಞೆಗೆ ಸೈನಿಕರಂತೆ ಹಣೆಯ ಮಟ್ಟಕ್ಕೆ ಕೈಯೆತ್ತಬೇಕು. ಬಾವುಟದ ಹೆಸರು ಬಂದ ಕ್ಷಣ ಅದೇ ಕೈಯನ್ನು ಅಂಗೈ ಮೇಲಾಗಿ ಬಾವುಟದತ್ತ ಚಾಚಿ, ಮುಗಿಯುವತನಕ ಹಾಗೆಯೇ ಹಿಡಿದಿರಬೇಕು. ಕವಾಯತು ಮತ್ತು ಪ್ರಾರ್ಥನೆ ಎರಡೂ ಬೆರೆತ ಈ ಕ್ರಮವೇ ಪ್ರತಿಜ್ಞೆಯ ಜನಪ್ರಿಯತೆಗೆ ಅರ್ಧ ಕಾರಣವಿರಬೇಕು.

ಬರಹವಾಗಿ ನೋಡಿದರೆ 1892ರ ಪಠ್ಯ ಅಚ್ಚುಕಟ್ಟಾದದ್ದು. ಇಂಗ್ಲಿಷಿನ 22 ಪದಗಳು, ಒಂದೇ ವಾಕ್ಯ. ಬಾವುಟಕ್ಕೂ ಅದು ಪ್ರತಿನಿಧಿಸುವ ಗಣರಾಜ್ಯಕ್ಕೂ ನಿಷ್ಠೆ. ಒಡೆಯಲಾಗದ ಒಂದೇ ರಾಷ್ಟ್ರ. ಎಲ್ಲರಿಗೂ ಸ್ವಾತಂತ್ರ್ಯ ಮತ್ತು ನ್ಯಾಯ. ಅಂತರ್ಯುದ್ಧ ಮುಗಿದು ಮೂರು ದಶಕವೂ ಆಗಿರದ ದೇಶದಲ್ಲಿ ಒಡೆಯಲಾಗದು ಎಂಬ ಮಾತಿಗೆ ತೂಕವಿತ್ತು. ಬೆಲ್ಲಮಿ ಫ್ರೆಂಚ್ ಕ್ರಾಂತಿಯ ಸಮಾನತೆ, ಭ್ರಾತೃತ್ವಗಳನ್ನೂ ಸೇರಿಸಲು ಯೋಚಿಸಿ, ಅವು ಕೈಗೆಟುಕದ ಮಾತೆಂದು ಬಿಟ್ಟರು. ಕೊರತೆ ಇರುವುದೂ ಇಲ್ಲಿಯೇ. ನ್ಯಾಯ ಮತ್ತು ಸ್ವಾತಂತ್ರ್ಯವನ್ನು ಪ್ರತಿಜ್ಞೆ ಈಗಾಗಲೇ ಇರುವ ಸಂಗತಿಯೆಂಬಂತೆ ಹೇಳುತ್ತದೆ. ಅದನ್ನು ತಂದುಕೊಡುವ ಹೊಣೆ ಯಾರದೆಂದು ಹೇಳುವುದಿಲ್ಲ. ಮಾತು ಕೊಡುವುದು ಮಗು ಮಾತ್ರ.

ಮುಂದಿನ ಚರಿತ್ರೆಯಲ್ಲಿ ಕಾಣುವುದು ಹೆದರಿಕೆಯ ಹೆಜ್ಜೆಗುರುತು. 1898ರಲ್ಲಿ ಸ್ಪೇನಿನೊಡನೆ ಯುದ್ಧ ಶುರುವಾದ ಹೊತ್ತಿಗೆ ನ್ಯೂಯಾರ್ಕ್ ರಾಜ್ಯ ಶಾಲೆಗಳಲ್ಲಿ ಧ್ವಜವಂದನೆಗೆ ಕಾನೂನು ಮಾಡಿತು. ವಲಸಿಗರ ಬಗ್ಗೆ ಅನುಮಾನ ಬಲಿತಿದ್ದ 1923–24ರಲ್ಲಿ, ‘ನನ್ನ ಬಾವುಟ’ ಎಂದರೆ ಹೊಸಬರು ತಮ್ಮ ಹುಟ್ಟೂರಿನ ಬಾವುಟವನ್ನು ನೆನೆದಾರೆಂದು ಆ ಜಾಗಕ್ಕೆ ಅಮೆರಿಕ ಸಂಯುಕ್ತ ಸಂಸ್ಥಾನದ ಪೂರ್ತಿ ಹೆಸರು ಬಂತು. ಬೆಲ್ಲಮಿ ಒಪ್ಪಲಿಲ್ಲ, ಕೇಳಿದವರೂ ಇಲ್ಲ. ಕಾಂಗ್ರೆಸ್ ಪ್ರತಿಜ್ಞೆಗೆ ಅಧಿಕೃತ ಸ್ಥಾನ ಕೊಟ್ಟದ್ದು ಎರಡನೇ ಮಹಾಯುದ್ಧದ ನಡುವೆ, 1942ರಲ್ಲಿ. ಚಾಚಿದ ಕೈ ನಾಜಿಗಳ ವಂದನೆಯಂತೆ ಕಾಣತೊಡಗಿದ್ದರಿಂದ ಅದೇ ವರ್ಷದ ಡಿಸೆಂಬರಿನಲ್ಲಿ ಕೈ ಎದೆಯ ಮೇಲಕ್ಕೆ ಸರಿಯಿತು.

ಹೇಳಲೊಲ್ಲದವರ ಕಥೆ ಇದಕ್ಕಿಂತ ದೊಡ್ಡದು. ಯೆಹೋವನ ಸಾಕ್ಷಿಗಳ ಪಂಥದವರಿಗೆ ಬಾವುಟಕ್ಕೆ ವಂದಿಸುವುದು ವಿಗ್ರಹಾರಾಧನೆ. 1935ರಲ್ಲಿ ಪೆನ್ಸಿಲ್ವೇನಿಯಾದ ಮೈನರ್ಸ್‌ವಿಲ್ ಊರಿನಲ್ಲಿ ಗೋಬಿಟಾಸ್ ಕುಟುಂಬದ ಇಬ್ಬರು ಮಕ್ಕಳನ್ನು ಶಾಲೆಯಿಂದ ಹೊರಹಾಕಲಾಯಿತು. ಹತ್ತು ವರ್ಷದ ಹುಡುಗ ತನ್ನ ಕೈಯಾರೆ ಶಾಲಾ ಮಂಡಳಿಗೆ ಪತ್ರ ಬರೆದು, ತನಗೆ ದೇಶದ ಮೇಲೆ ಪ್ರೀತಿಯಿದೆ, ಆದರೆ ದೇವರ ಆಜ್ಞೆ ಮೊದಲು ಎಂದು ತಿಳಿಸಿದ್ದ. 1940ರಲ್ಲಿ ಸುಪ್ರೀಂ ಕೋರ್ಟು ಎಂಟಕ್ಕೆ ಒಂದರ ಬಹುಮತದಿಂದ ಶಾಲೆಯ ಪರ ತೀರ್ಪು ಕೊಟ್ಟಿತು. ಅದರ ಬೆನ್ನಿಗೇ ದೇಶದ ಹಲವೆಡೆ ಈ ಪಂಥದವರ ಮೇಲೆ ಗುಂಪು ಹಲ್ಲೆಗಳಾದವು. ಮೂರೇ ವರ್ಷದಲ್ಲಿ ಕೋರ್ಟು ತನ್ನ ಮಾತನ್ನು ತಾನೇ ತಿದ್ದಿಕೊಂಡಿತು. 1943ರ ಜೂನ್ 14ರಂದು, ಅಂದರೆ ಅವರ ಧ್ವಜ ದಿನದಂದೇ, ಬಾರ್ನೆಟ್ ಮೊಕದ್ದಮೆಯಲ್ಲಿ ನ್ಯಾಯಮೂರ್ತಿ ರಾಬರ್ಟ್ ಜಾಕ್ಸನ್ ಬರೆದ ಬಹುಮತದ ತೀರ್ಪು, ನಂಬಿಕೆಯ ವಿಷಯದಲ್ಲಿ ಇದೇ ಸರಿಯೆಂದು ವಿಧಿಸಿ ಬಾಯಿಂದ ಹೇಳಿಸುವ ಅಧಿಕಾರ ಯಾವ ಅಧಿಕಾರಿಗೂ ಇಲ್ಲವೆಂದಿತು. ಪ್ರತಿಜ್ಞೆಯ ಸುತ್ತ ಬೆಳೆದ ಬರಹಗಳಲ್ಲಿ ಪ್ರತಿಜ್ಞೆಗಿಂತ ಒಳ್ಳೆಯ ಗದ್ಯ ಈ ತೀರ್ಪಿನದು.

1954ರ ಕೊನೆಯ ತಿದ್ದುಪಡಿ ಎಲ್ಲಕ್ಕಿಂತ ಕಳಪೆ. ನಾಸ್ತಿಕ ಕಮ್ಯುನಿಸಂಗೆ ಎದುರಾಗಿ ದೇವರ ಹೆಸರು ಬೇಕೆಂಬ ಒತ್ತಾಯಕ್ಕೆ ಅಧ್ಯಕ್ಷ ಐಸೆನ್‌ಹೋವರ್ ಸಹಿ ಹಾಕಿದರು. ಪದಗಳು 31 ಆದವು. ಒಂದೇ ರಾಷ್ಟ್ರ ಎಂಬುದಕ್ಕೂ ಒಡೆಯಲಾಗದು ಎಂಬುದಕ್ಕೂ ನಡುವೆ ದೇವರು ಬಂದು ನಿಂತದ್ದರಿಂದ ಮೂಲದ ಓಟವೇ ಮುಗ್ಗರಿಸುತ್ತದೆ. ಇದನ್ನು ಪ್ರಶ್ನಿಸಿ ಹೋದ ಮೊಕದ್ದಮೆಯೊಂದನ್ನು 2004ರಲ್ಲಿ ಸುಪ್ರೀಂ ಕೋರ್ಟು ಅರ್ಜಿದಾರರಿಗೆ ದಾವೆ ಹೂಡುವ ಅರ್ಹತೆಯಿಲ್ಲವೆಂದು ಬದಿಗೆ ಸರಿಸಿ, ಮೂಲ ಪ್ರಶ್ನೆಯನ್ನು ಮುಟ್ಟದೆ ಬಿಟ್ಟಿತು.

ಇಂದು ಹೆಚ್ಚಿನ ರಾಜ್ಯಗಳು ಪ್ರತಿಜ್ಞೆಗೆ ಸಮಯ ಮೀಸಲಿಡುವಂತೆ ಶಾಲೆಗಳಿಗೆ ಹೇಳುತ್ತವೆ. ಬೇಡವೆನ್ನುವ ಮಗುವಿಗೆ ಕಾನೂನಿನ ರಕ್ಷಣೆಯೂ ಇದೆ. ಆದರೆ ಇಡೀ ತರಗತಿ ಎದ್ದು ನಿಂತಾಗ ಒಬ್ಬನೇ ಕೂತಿರುವುದು ಏಳು ವರ್ಷದ ಮಗುವಿಗೆ ಸುಲಭವಲ್ಲ. ಫ್ಲಾರಿಡಾದಲ್ಲಿ ವಿನಾಯಿತಿಗೆ ಪಾಲಕರ ಪತ್ರ ಬೇಕು. 2008ರಲ್ಲಿ ಮೇಲ್ಮನವಿ ನ್ಯಾಯಾಲಯ ಆ ನಿಯಮವನ್ನು ಒಪ್ಪಿದಾಗ, 1943ರಲ್ಲಿ ವಿದ್ಯಾರ್ಥಿಗೆ ದಕ್ಕಿದ್ದ ಹಕ್ಕು ಅಲ್ಲಿ ಅಪ್ಪಅಮ್ಮಂದಿರ ಕೈಗೆ ಹೋಯಿತು.

ಭಾರತದ ಶಾಲಾ ಪ್ರತಿಜ್ಞೆಯಲ್ಲಿ ಬಾವುಟದ ಮಾತೇ ಇಲ್ಲ. ಪೈಡಿಮರ್ರಿ ವೆಂಕಟ ಸುಬ್ಬರಾವ್ 1962ರಲ್ಲಿ ತೆಲುಗಿನಲ್ಲಿ ಬರೆದ ಅದನ್ನು 1964ರಲ್ಲಿ ಬೆಂಗಳೂರಿನಲ್ಲಿ ಸೇರಿದ ಕೇಂದ್ರ ಶಿಕ್ಷಣ ಸಲಹಾ ಮಂಡಳಿ ದೇಶಕ್ಕೆಲ್ಲ ಶಿಫಾರಸು ಮಾಡಿತು. ಒಡಹುಟ್ಟಿದವರೆಂದು ದೇಶಬಾಂಧವರನ್ನು, ಗೌರವಕ್ಕೆ ಪಾತ್ರರೆಂದು ಗುರುಹಿರಿಯರನ್ನು ನೆನೆಯುವ ಈ ಪಠ್ಯ ಬೆಲ್ಲಮಿಯದಕ್ಕಿಂತ ಉದ್ದ, ಸಡಿಲ. ಆದರೂ ಮಗುವಿಗೆ ಗುರುತು ಸಿಗುವ ಮನುಷ್ಯರು ಇಲ್ಲಿದ್ದಾರೆ. ಅಮೆರಿಕ 1942ರಲ್ಲಿ ಬಿಟ್ಟ ಚಾಚಿದ ಬಲಗೈ ನಮ್ಮ ಅನೇಕ ಶಾಲೆಗಳ ಪ್ರಾರ್ಥನಾ ಸಾಲಿನಲ್ಲಿ ಇನ್ನೂ ಇದೆ.

ಬಾರ್ನೆಟ್ ತೀರ್ಪೂ ಭಾರತಕ್ಕೆ ಬಂದಿದೆ. ಕೇರಳದಲ್ಲಿ ಯೆಹೋವನ ಸಾಕ್ಷಿಗಳ ಪಂಥದ ಮೂವರು ಮಕ್ಕಳು ರಾಷ್ಟ್ರಗೀತೆಗೆ ಎದ್ದು ನಿಂತರೂ ಹಾಡಲಿಲ್ಲವೆಂದು ಶಾಲೆಯಿಂದ ತೆಗೆದಾಗ, ಬಿಜೋ ಇಮ್ಯಾನುಯೆಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 1986ರಲ್ಲಿ ಅದನ್ನು ಉದಾಹರಿಸಿತು. ಎದ್ದು ನಿಂತದ್ದರಲ್ಲಿ ಗೌರವ ಇದ್ದೇ ಇದೆ, ಹಾಡಲೇಬೇಕೆಂಬ ಕಾನೂನು ಯಾವುದೂ ಇಲ್ಲವೆಂದು ಹೇಳಿ, ಮೂವರನ್ನೂ ಶಾಲೆಗೆ ಮರಳಿ ಸೇರಿಸಿಕೊಳ್ಳಲು ಆದೇಶಿಸಿತು.