ಒತ್ತೆ ಮತ್ತು ಒಲ್ಲೆ: ಸೂಳೆ ಸಂಕವ್ವೆಯ ವಚನದಲ್ಲಿ ದುಡಿಮೆಯ ಪ್ರಶ್ನೆ

1

ಹನ್ನೆರಡನೆಯ ಶತಮಾನದ ಶಿವಶರಣೆಯರಲ್ಲಿ ಸೂಳೆ ಸಂಕವ್ವೆಯದು ವಿಶಿಷ್ಟವಾದ ಹೆಸರು. ನಮಗೆ ದೊರೆತಿರುವುದು ಅವಳ ಒಂದೇ ಒಂದು ವಚನ, ಅಂಕಿತ 'ನಿರ್ಲಜ್ಜೇಶ್ವರ'. ವಚನಕಾರ್ತಿಯರನ್ನು ಕುರಿತ ಬರಹಗಳಲ್ಲಿ ಅವಳ ಹೆಸರು ತಪ್ಪದೆ ಬರುತ್ತದೆ. ಬಂದಾಗಲೆಲ್ಲ ಹೆಚ್ಚುಕಡಿಮೆ ಒಂದೇ ಮಾತು ಕೇಳಿಬರುತ್ತದೆ: ಪತಿತೆಯೊಬ್ಬಳು ಶರಣರ ಸಂಗದಿಂದ ಪರಿವರ್ತನೆ ಹೊಂದಿ ಏಕದೇವನಿಷ್ಠೆಯನ್ನು ಸಾರಿದಳು ಎಂದು. ಈ ನಿಲುವನ್ನು ಮರುಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ.

ಇಂಥ ಪರಿಶೀಲನೆಯ ಅಗತ್ಯ ನನಗೆ ಮನವರಿಕೆಯಾದದ್ದು ಹಸ್ತಪ್ರತಿಗಳ ನಡುವೆ ಅಲ್ಲ. ಬೆಳಗಾವಿಯಿಂದ ಪುಣೆಯ ಮಾರ್ಗವಾಗಿ ಮುಂಬಯಿಗೆ ಬರುವವರಿಗೆ ಕಳಂಬೋಲಿ ಪರಿಚಿತ ಸ್ಥಳ. 2002ರಲ್ಲಿ ಪೂರ್ಣಗೊಂಡ ಮುಂಬಯಿ–ಪುಣೆ ದ್ರುತಗತಿ ಮಾರ್ಗದ ಒಂದು ತುದಿ ಅಲ್ಲಿದೆ; ದೊಡ್ಡ ಉಕ್ಕಿನ ಮಾರುಕಟ್ಟೆಯಿದೆ; ಸರಕು ಇಳಿಸಲು, ಸರದಿ ಕಾಯಲು ನಿಂತ ಲಾರಿಗಳ ಸಾಲಿದೆ. ಆ ಸಾಲಿನಲ್ಲಿ ಕರ್ನಾಟಕದ ಲಾರಿಗಳೂ ಸಾಕಷ್ಟು. ಲಾರಿಗಳು ರಾತ್ರಿ ತಂಗುವ ಹೆದ್ದಾರಿಯ ತಾಣಗಳನ್ನು ನಮ್ಮ ಆರೋಗ್ಯ ಇಲಾಖೆಗಳು ಏಡ್ಸ್ ನಿಯಂತ್ರಣದ ದೃಷ್ಟಿಯಿಂದ ಬಹುಕಾಲದಿಂದ ಗಮನಿಸುತ್ತ ಬಂದಿವೆ. ಆ ಪರಿಭಾಷೆಯಲ್ಲಿ ಚಾಲಕನು 'ಸೇತು' ವರ್ಗಕ್ಕೆ ಸೇರಿದವನು, ಅವನ ಬಳಿಗೆ ಬರುವ ಹೆಂಗಸು 'ಹೆಚ್ಚು ಅಪಾಯ'ದ ವರ್ಗಕ್ಕೆ ಸೇರಿದವಳು. ಕಾನೂನಿನ ಪರಿಭಾಷೆಯಲ್ಲಿ ಅವಳು ಆರೋಪಿ ಅಥವಾ ಬಲಿಪಶು. ಸುಧಾರಕರ ಪರಿಭಾಷೆಯಲ್ಲಿ ದಮನಿತೆ. ಈ ಮೂರರಲ್ಲಿ ಯಾವುದೂ ಅವಳನ್ನು ದುಡಿಯುವವಳು ಎಂದು ಕರೆಯುವುದಿಲ್ಲ. ನಮ್ಮ ಸಾಹಿತ್ಯ ವಿಮರ್ಶೆಯೂ ಸಂಕವ್ವೆಯ ವಿಷಯದಲ್ಲಿ ಇದೇ ಹಾದಿ ಹಿಡಿದಿದೆಯೆ ಎಂಬುದು ನನ್ನ ಪ್ರಶ್ನೆ.

2

ಮೊದಲು 'ಸೂಳೆ' ಎಂಬ ಪದದ ಬಗೆಗೆ ಒಂದು ಮಾತು. ಇಂದು ಅದು ಬೈಗುಳ. ಹಳೆಯ ಕನ್ನಡದಲ್ಲಿ ಹಾಗಿರಲಿಲ್ಲ. ಬಾದಾಮಿ ಚಾಲುಕ್ಯ ವಿಜಯಾದಿತ್ಯನ (ಆಳ್ವಿಕೆ 696–733) ಪ್ರೀತಿಪಾತ್ರಳಾದ ವಿನಾಪೋಟಿ ಮಹಾಕೂಟದ ದೇವಾಲಯಕ್ಕೆ ದಾನ ಕೊಟ್ಟುದನ್ನು ತಿಳಿಸುವ ಶಾಸನವು ಅವಳ ವಿಷಯದಲ್ಲಿ ಇದೇ ಪದವನ್ನು ಗೌರವದ ಬಹುವಚನದಲ್ಲಿ ಬಳಸಿದೆ. ಪಂಪನ 'ವಿಕ್ರಮಾರ್ಜುನ ವಿಜಯ'ದ ನಾಲ್ಕನೆಯ ಆಶ್ವಾಸದಲ್ಲಿ ಸುಭದ್ರೆಯ ವಿರಹದಿಂದ ಬೆಂದ ಅರ್ಜುನನು ಇರುಳು ಊರಿನಲ್ಲಿ ಅಲೆಯುತ್ತ ಸೂಳೆಗೇರಿಯನ್ನು ಹಾಯುತ್ತಾನೆ. ಅಲ್ಲಿನ ವರ್ಣನೆ ಲವಲವಿಕೆಯಿಂದ ಕೂಡಿದೆ, ವಿನೋದವಿದೆ, ಲೋಕಾನುಭವವಿದೆ. ಆದರೆ ಅದು ಹೊರಗಿನಿಂದ ನೋಡುವವನ ನೋಟ. ಕೇರಿಯನ್ನು ಹಾದುಹೋಗುವವನಿಗೆ ಕಂಡಷ್ಟೇ ಓದುಗನಿಗೂ ಕಾಣುತ್ತದೆ.

ಸಂಕವ್ವೆಯ ವಚನದಲ್ಲಿ ಮೊದಲ ಬಾರಿಗೆ ಆ ಕೇರಿಯ ಒಳಗಿನಿಂದ ಉತ್ತಮಪುರುಷದ ದನಿ ಕೇಳುತ್ತದೆ. ವಚನದ ಸಾರಾಂಶವನ್ನು ಹೊರನಾಡಿನ ಸಂಶೋಧಕರ ಅನುಕೂಲಕ್ಕಾಗಿ ಹೀಗೆ ಹೇಳಬಹುದು. ಒಬ್ಬನಿಂದ ಹಣ ಪಡೆದ ಮೇಲೆ ಇನ್ನೊಬ್ಬನಿಂದ ಪಡೆಯುವವಳು ತಾನಲ್ಲ. ಪಡೆದರೆ ಬಹಿರಂಗವಾಗಿ ಮಾನ ಕಳೆದು ಪ್ರಾಣ ತೆಗೆಯುತ್ತಾರೆ. ವ್ರತವಿಲ್ಲದವನೆಂದು ತಿಳಿದೂ ಕೂಡಿದರೆ ಅಂಗಚ್ಛೇದದ ಶಿಕ್ಷೆ ಕಾದಿದೆ. ಇದನ್ನು ಬಲ್ಲವಳಾದ್ದರಿಂದ ಒಲ್ಲೆನೆಂದು ದೇವರ ಆಣೆಯಿಟ್ಟು ಹೇಳುತ್ತಾಳೆ.

ಇಲ್ಲಿನ ಕೀಲಿಪದ 'ಒತ್ತೆ'. ಅಡವು ಎಂಬ ಅರ್ಥದಲ್ಲಿ ಅದು ಒತ್ತೆಯಿಡು, ಒತ್ತೆಯಾಳು ಎಂಬ ಬಳಕೆಗಳಲ್ಲಿ ಇಂದಿಗೂ ಉಳಿದಿದೆ. ಸೂಳೆಗೆ ಮುಂಗಡವಾಗಿ ಕೊಡುವ ಹಣಕ್ಕೂ ಅದೇ ಮಾತು. ಕೊಟ್ಟವನೂ ಪಡೆದವಳೂ ಒಂದು ಕರಾರಿಗೆ ಬದ್ಧರಾದರೆಂಬುದು ಆ ಪದದೊಳಗೇ ಅಡಗಿದೆ. ಅಂದರೆ ವಚನವು ಆರಂಭವಾಗುವುದು ಪಾಪದ ಅಥವಾ ಪಶ್ಚಾತ್ತಾಪದ ಮಾತಿನಿಂದ ಅಲ್ಲ, ವೃತ್ತಿಯ ಕರಾರಿನ ಮಾತಿನಿಂದ.

ಇದೆಲ್ಲ ರೂಪಕ, 'ಒತ್ತೆ' ಎಂದರೆ ಇಷ್ಟಲಿಂಗ, 'ಮತ್ತೊಬ್ಬ' ಎಂದರೆ ಅನ್ಯದೈವ ಎಂಬ ವಾದವುಂಟು. ಅದನ್ನು ನಾನು ನಿರಾಕರಿಸುವುದಿಲ್ಲ. ಆದರೆ ಅಂಬಿಗರ ಚೌಡಯ್ಯ ದೋಣಿಯ ಮಾತಾಡಿದಾಗ, ಜೇಡರ ದಾಸಿಮಯ್ಯ ನೆಯ್ಗೆಯ ಮಾತಾಡಿದಾಗ ನಾವು ಹುಟ್ಟನ್ನೂ ಮಗ್ಗವನ್ನೂ ನಿಜವೆಂದು ಒಪ್ಪಿ, ಅನಂತರ ಅವುಗಳಿಂದ ಹೊರಡುವ ಆಧ್ಯಾತ್ಮಿಕ ಅರ್ಥಕ್ಕೆ ಹೋಗುತ್ತೇವೆ. ಸಂಕವ್ವೆಯ ವಿಷಯದಲ್ಲಿ ಮಾತ್ರ ದುಡಿಮೆಯನ್ನು ದಾಟಿ ನೇರವಾಗಿ ರೂಪಕಕ್ಕೆ ಜಿಗಿಯುತ್ತೇವೆ. ಈ ಆತುರದಲ್ಲಿ ಶಾಸ್ತ್ರಕ್ಕಿಂತ ಸಂಕೋಚದ ಪಾಲೇ ಹೆಚ್ಚು.

ಪರಿವರ್ತನೆಯ ವಾದಕ್ಕೆ ವ್ಯಾಕರಣವೂ ಬೆಂಬಲ ಕೊಡುವುದಿಲ್ಲ. ಹಿಂದೆ ಹಾಗಿದ್ದೆ, ಈಗ ಹೀಗಾದೆ ಎಂಬ ಭೂತಕಾಲದ ನಿವೇದನೆ ವಚನದಲ್ಲಿಲ್ಲ. ಅವಳು ತನ್ನ ನಿಲುವನ್ನು ಹೇಳುವುದು ನಿಷೇಧಕ್ರಿಯೆಯಲ್ಲಿ. ಮಾಡೆ, ನೋಡೆ, ಒಲ್ಲೆ ಎಂಬಂಥ ಕನ್ನಡದ ನಿಷೇಧರೂಪಗಳು ಕಾಲವನ್ನು ಸೂಚಿಸುವುದಿಲ್ಲವೆಂಬುದು ಸರ್ವವಿದಿತ. ಅವು ಮೂರು ಕಾಲಗಳಿಗೂ ಸಲ್ಲುತ್ತವೆ. ಆದ್ದರಿಂದ ಆಕೆ ವೃತ್ತಿಯನ್ನು ಬಿಟ್ಟು ಮಾತಾಡುತ್ತಿದ್ದಾಳೆಂದು ಪಠ್ಯದ ಬಲದಿಂದ ಸಾಧಿಸಲು ಬರುವುದಿಲ್ಲ. ಬಿಡಲಿಲ್ಲವೆಂದು ಸಾಧಿಸಲೂ ಬರುವುದಿಲ್ಲ. ಆದರೆ ಮಡಿವಾಳ, ಅಂಬಿಗ, ನುಲಿಯ ಎಂಬ ವೃತ್ತಿವಾಚಕಗಳ ಸಾಲಿನಲ್ಲಿಯೇ ಪರಂಪರೆ ಅವಳ ಹೆಸರಿನ ಹಿಂದೆಯೂ ವೃತ್ತಿವಾಚಕವನ್ನು ಅಳಿಸದೆ ಉಳಿಸಿಕೊಂಡಿದೆ. ಇದನ್ನು ಅಲಕ್ಷಿಸುವಂತಿಲ್ಲ.

3

ಈ ವಚನವನ್ನು ಅದರ ಕಾಲದ ನ್ಯಾಯಗ್ರಂಥಗಳ ಪಕ್ಕದಲ್ಲಿಟ್ಟಾಗ ಅದರ ನಿಜವಾದ ಹೊಸತನ ತಿಳಿಯುತ್ತದೆ. ಚಾಲುಕ್ಯ ಆರನೆಯ ವಿಕ್ರಮಾದಿತ್ಯನ (1076–1126) ಕಾಲದಲ್ಲಿ ವಿಜ್ಞಾನೇಶ್ವರನು 'ಮಿತಾಕ್ಷರ'ವನ್ನು ರಚಿಸಿದ್ದು ಕಲ್ಯಾಣದಲ್ಲಿ. ಇದು ಕಳಂಬೋಲಿಗೆ ಸಮೀಪದ ಕಲ್ಯಾಣವಲ್ಲ. ಬೀದರ ಜಿಲ್ಲೆಯ ಇಂದಿನ ಬಸವಕಲ್ಯಾಣ, ಕೆಲವೇ ದಶಕಗಳ ಅನಂತರ ಶರಣರ ಚಳವಳಿಯ ಕೇಂದ್ರವಾದ ಊರು. ವಿಜ್ಞಾನೇಶ್ವರನು ವ್ಯಾಖ್ಯಾನಿಸಿದ ಯಾಜ್ಞವಲ್ಕ್ಯ ಸ್ಮೃತಿಯ ವ್ಯವಹಾರಾಧ್ಯಾಯದಲ್ಲಿ ಒಂದು ವಿಧಿಯಿದೆ: ವೇತನ ಪಡೆದ ವೇಶ್ಯೆ ಅನಂತರ ಒಲ್ಲೆನೆಂದರೆ ಪಡೆದುದರ ಎರಡರಷ್ಟನ್ನು ಕೊಡಬೇಕು. ಸ್ಮೃತಿಕಾರನು ಬಳಸಿರುವ ಪದ 'ವೇತನ'ವೇ ಎಂಬುದನ್ನು ಗಮನಿಸಬೇಕು. ಆದರೆ ಆ ವಿಧಿ ಬರುವುದು ಸ್ತ್ರೀಸಂಗ್ರಹಣವೆಂಬ, ವ್ಯಭಿಚಾರಾದಿ ಅಪರಾಧಗಳ ಪ್ರಕರಣದಲ್ಲಿ. ಇಂಥದೇ ವಿಧಿ ನಾರದಸ್ಮೃತಿಯಲ್ಲಿಯೂ ಇದೆ. ಅಲ್ಲಿ ಅದು ಕೂಲಿ ಕೊಡದಿರುವುದನ್ನು ಕುರಿತ ಪ್ರಕರಣಕ್ಕೆ ಸೇರಿದೆ. ಕೂಲಿಯಾಳು, ಹೊರೆಯಾಳುಗಳ ಜೊತೆಯಲ್ಲಿ ವೇಶ್ಯೆಗೂ ಅಲ್ಲಿ ಸ್ಥಾನ. ಉಪಭೋಗಿಸಿ ಹಣ ಕೊಡದ ಗಂಡಸಿಗೂ ಅಲ್ಲಿ ದಂಡವುಂಟು. ಒಂದೇ ವ್ಯವಹಾರವನ್ನು ಒಬ್ಬ ಸ್ಮೃತಿಕಾರ ಕಾಮಾಪರಾಧದ ಅಧ್ಯಾಯದಲ್ಲಿಟ್ಟ, ಇನ್ನೊಬ್ಬ ದುಡಿಮೆಯ ಅಧ್ಯಾಯದಲ್ಲಿಟ್ಟ. ಇದು ಎಲ್ಲಿಗೆ ಸೇರಬೇಕೆಂಬ ಚರ್ಚೆ ಈಗಲೂ ಮುಗಿದಿಲ್ಲ.

ಕೌಟಿಲ್ಯನ ಅರ್ಥಶಾಸ್ತ್ರದ ಗಣಿಕಾಧ್ಯಕ್ಷ ಪ್ರಕರಣವೂ ಹಣ ಪಡೆದು ನಿರಾಕರಿಸಿದವಳಿಗೆ ದಂಡ ವಿಧಿಸುತ್ತದೆ. ಸಹಶಯನವನ್ನು ತಪ್ಪಿಸಿದರೆ ದಂಡ ಎಂಟರಷ್ಟು. ರೋಗವಿದ್ದರೆ ಅಥವಾ ಪುರುಷನಲ್ಲಿ ದೋಷವಿದ್ದರೆ ವಿನಾಯಿತಿ. ವೃತ್ತಿಯನ್ನು ರಾಜ್ಯವು ಒಪ್ಪಿತ್ತು, ತೆರಿಗೆ ಪಡೆಯುತ್ತಿತ್ತು, ದರವನ್ನೂ ನಿಯಂತ್ರಿಸುತ್ತಿತ್ತು. ಈ ಅರ್ಥದಲ್ಲಿ ಅದು ಪೂರ್ಣ ಶಾಸನಬದ್ಧ ವೃತ್ತಿ. ಆದರೂ ಈ ಎಲ್ಲ ಗ್ರಂಥಗಳಲ್ಲಿ ಸಮಾನವಾದ ಅಂಶ ಒಂದೇ: ಶಿಕ್ಷೆ ಬೀಳುವುದು ಹೆಣ್ಣು 'ಒಲ್ಲೆ' ಎಂದಾಗ.

ಸಂಕವ್ವೆಯಲ್ಲಿ ಇದು ತಲೆಕೆಳಗಾಗಿದೆ. ಅವಳ ವಚನದಲ್ಲಿ ಶಿಕ್ಷೆ ಬೀಳುವುದು ಒಪ್ಪಿಕೊಂಡರೆ. ಎರಡನೆಯ ಒತ್ತೆಯನ್ನು ಒಪ್ಪಿದರೆ, ವ್ರತಹೀನನನ್ನು ಒಪ್ಪಿದರೆ. ಒಲ್ಲೆನೆಂಬುದು ಅಪರಾಧದ ಜಾಗದಿಂದ ಎದ್ದು ಧರ್ಮದ ಜಾಗದಲ್ಲಿ ಕುಳಿತಿದೆ. ಎರಡು ಭಾಗಗಳೂ ಒಂದೇ ಬಗೆಯವಲ್ಲ. ಮೊದಲನೆಯದು ಕರಾರಿನ ಪ್ರಾಮಾಣಿಕತೆ. ಯಾವ ವರ್ತಕನಾದರೂ ಆಡಬಹುದಾದ ಮಾತು. ಎರಡನೆಯದರಲ್ಲಿ ಗಿರಾಕಿಯ ಯೋಗ್ಯತೆಯನ್ನು ಅಳೆಯುವ ಅಧಿಕಾರವನ್ನು ಅವಳು ತನ್ನ ಕೈಗೆ ತೆಗೆದುಕೊಂಡಿದ್ದಾಳೆ. ಹಣವಿದ್ದರೆ ಸಾಲದು, ವ್ರತವಿರಬೇಕು. ಶರಣಧರ್ಮವು ಅವಳಿಗೆ ಕೊಟ್ಟದ್ದು ವೃತ್ತಿಯಿಂದ ಬಿಡುಗಡೆಯೊ ಅಲ್ಲವೊ, ವೃತ್ತಿಯೊಳಗೆ ನಿರಾಕರಿಸುವ ಹಕ್ಕನ್ನಂತೂ ಕೊಟ್ಟಿದೆ. ಈ ವಚನದ ಮಹತ್ವ ಇಲ್ಲಿದೆ ಎಂಬುದು ನನ್ನ ಪ್ರತಿಪಾದನೆ.

ಈ ಹಕ್ಕಿನ ಬೆಲೆಯನ್ನು ತಿಳಿಯಲು ಇತ್ತೀಚಿನ ಒಂದು ನಿದರ್ಶನ ಸಾಕು. ನೆದರ್ಲೆಂಡ್ಸ್ 2000ದಲ್ಲಿ ವೇಶ್ಯಾಗೃಹಗಳ ಮೇಲಿನ ನಿಷೇಧವನ್ನು ತೆಗೆಯಿತು. ನ್ಯೂಜಿಲೆಂಡ್ 2003ರಲ್ಲಿ ವೃತ್ತಿಯನ್ನು ಅಪರಾಧಸಂಹಿತೆಯಿಂದ ಹೊರಗಿಟ್ಟಿತು. ಬೆಲ್ಜಿಯಂ ಇನ್ನೂ ಮುಂದೆ ಹೋಗಿ, 2024ರ ಡಿಸೆಂಬರ್ 1ರಿಂದ ಜಾರಿಗೆ ಬಂದ ಕಾಯಿದೆಯಲ್ಲಿ ಈ ವೃತ್ತಿಯವರಿಗೆ ಉದ್ಯೋಗ ಕರಾರು, ಕಾಯಿಲೆಯ ರಜೆ, ಹೆರಿಗೆ ರಜೆ, ನಿವೃತ್ತಿವೇತನಗಳನ್ನು ಒದಗಿಸಿತು. ಕೆಲಸ ಒಪ್ಪಿಕೊಂಡ ಮೇಲೂ ಗಿರಾಕಿಯನ್ನು ನಿರಾಕರಿಸಬಹುದು, ಅದು ಕರಾರುಭಂಗವಲ್ಲ ಎಂದು ಆ ಕಾಯಿದೆ ಸ್ಪಷ್ಟಪಡಿಸಿದೆ. ಶಾಸನಬದ್ಧತೆಗೂ ಸ್ವಾತಂತ್ರ್ಯಕ್ಕೂ ನಡುವೆ ಇರುವ ಗೆರೆ ಈ ನಿರಾಕರಣೆಯ ಹಕ್ಕೇ.

4

ಸಂಕವ್ವೆಯ ಅನಂತರ ಈ ದನಿ ಮುಂದುವರಿಯಲಿಲ್ಲ. ಭೀಮಕವಿಯ 'ಬಸವಪುರಾಣ'ದಲ್ಲಿ (1369) ಮಿಂಡಜಂಗಮರ ಪ್ರಸಂಗಗಳಿವೆ. ಅಲ್ಲಿ ವೇಶ್ಯೆಯ ಮನೆ ಜಂಗಮನ ಮಹಿಮೆಗೆ ಹಿನ್ನೆಲೆಯೇ ಹೊರತು ಅವಳ ದುಡಿಮೆಗೆ ಮಾತಿಲ್ಲ. 1443ರಲ್ಲಿ ವಿಜಯನಗರಕ್ಕೆ ಬಂದ ಅಬ್ದುರ್ ರಝಾಕನು ಟಂಕಸಾಲೆಯ ಬಳಿಯ ವೇಶ್ಯೆಯರ ಬೀದಿಯನ್ನು ಬಣ್ಣಿಸಿ, ನಗರರಕ್ಷಕ ಪಡೆಯ ಸಂಬಳ ಅಲ್ಲಿನ ತೆರಿಗೆಯಿಂದಲೇ ಸಲ್ಲುತ್ತಿತ್ತೆಂದು ದಾಖಲಿಸಿದ್ದಾನೆ. ಅವಳ ಗಳಿಕೆಯಿಂದ ಕಾವಲುಗಾರನಿಗೆ ಸಂಬಳ. ಅವಳ ಮಾತಿಗೆ ಮಾತ್ರ ದಾಖಲೆಯಿಲ್ಲ. ಆಧುನಿಕ ಕನ್ನಡದಲ್ಲಿ ಶಿವರಾಮ ಕಾರಂತರ 'ಮೈಮನಗಳ ಸುಳಿಯಲ್ಲಿ' (1970) ಕಾದಂಬರಿ ಮಂಜುಳೆಯೆಂಬ ವೇಶ್ಯೆಗೆ ಆತ್ಮಗೌರವವನ್ನೂ ಒಳಬಾಳನ್ನೂ ಕೊಟ್ಟು ಈ ಕೊರತೆಯನ್ನು ಸ್ವಲ್ಪಮಟ್ಟಿಗೆ ತುಂಬಿತು. ನೆರೆಯ ಮಲಯಾಳದಲ್ಲಿ ನಳಿನಿ ಜಮೀಲಾ 2005ರಲ್ಲಿ ತನ್ನ ಆತ್ಮಕಥೆಯ ಶೀರ್ಷಿಕೆಯಲ್ಲಿಯೇ 'ತೊಳಿಲಾಳಿ', ಅಂದರೆ ಕಾರ್ಮಿಕೆ, ಎಂಬ ಪದವನ್ನಿಟ್ಟಳು.

ಭಾರತದ ಇಂದಿನ ಕಾನೂನು ಇಬ್ಬಂದಿಯಲ್ಲಿದೆ. 1956ರ ಕಾಯಿದೆ, 1986ರ ತಿದ್ದುಪಡಿಯಿಂದ ಅನೈತಿಕ ವ್ಯವಹಾರ ತಡೆ ಕಾಯಿದೆಯೆಂದು ಹೆಸರು ಪಡೆದದ್ದು, ವೃತ್ತಿಯನ್ನೇ ಅಪರಾಧವೆನ್ನುವುದಿಲ್ಲ. ಅದರ ಸುತ್ತಲಿನ ಎಲ್ಲವನ್ನೂ ಅಪರಾಧವೆನ್ನುತ್ತದೆ. ಗಿರಾಕಿಯನ್ನು ಕರೆಯುವುದು ಅಪರಾಧ. ಶಾಲೆ, ಆಸ್ಪತ್ರೆ, ಪೂಜಾಸ್ಥಳಗಳಿಂದ 200 ಮೀಟರಿನೊಳಗೆ ವೃತ್ತಿ ನಡೆಸುವುದು ಅಪರಾಧ. ಅವಳ ಗಳಿಕೆಯಲ್ಲಿ ತಿಳಿದು ಬಾಳುವ, ಹದಿನೆಂಟು ದಾಟಿದ ಯಾರೇ ಆದರೂ ಅಪರಾಧಿ. ಅಕ್ಷರಶಃ ಓದಿದರೆ ತಾಯಿಯ ಹಣದಿಂದ ಕಾಲೇಜು ಓದುವ ಮಗನೂ ಅದರೊಳಗೆ ಬರುತ್ತಾನೆ. 2020ರ ಅಕ್ಟೋಬರಿನಲ್ಲಿ ರಾಷ್ಟ್ರೀಯ ಮಾನವ ಹಕ್ಕುಗಳ ಆಯೋಗವು ಇವರನ್ನು ಅಸಂಘಟಿತ ಕಾರ್ಮಿಕರಾಗಿ ಪರಿಗಣಿಸಬೇಕೆಂದಿತು. ಆಕ್ಷೇಪಗಳು ಬಂದ ಮೇಲೆ ತನ್ನ ಸಲಹೆಯನ್ನು ತಿದ್ದಿಕೊಂಡಿತು. 2022ರ ಮೇ 19ರಂದು ಸರ್ವೋಚ್ಚ ನ್ಯಾಯಾಲಯವು ಬುದ್ಧದೇವ ಕರ್ಮಸ್ಕರ್ ಪ್ರಕರಣದಲ್ಲಿ ಇವರಿಗೂ ಸಂವಿಧಾನದ 21ನೆಯ ವಿಧಿಯ ಘನತೆಯ ಬದುಕು ಸಲ್ಲಬೇಕೆಂದು ಆದೇಶಿಸಿತು. ಯಾಜ್ಞವಲ್ಕ್ಯನ ಪ್ರಕರಣದಿಂದ ನಾರದನ ಪ್ರಕರಣಕ್ಕೆ ಹೋಗುವ ದಾರಿಯಲ್ಲಿ ನಾವು ಇನ್ನೂ ನಡುಹಾದಿಯಲ್ಲಿದ್ದೇವೆ.

ಆದರೆ ಒಂದು ಎಚ್ಚರಿಕೆ ಅಗತ್ಯ. ದುಡಿಮೆ ಎಂದು ಕರೆದ ಮಾತ್ರಕ್ಕೆ ಎಲ್ಲವೂ ದುಡಿಮೆಯಾಗದು. ಸವದತ್ತಿಯ ಎಲ್ಲಮ್ಮನ ಹೆಸರಿನಲ್ಲಿ ಮುತ್ತು ಕಟ್ಟಿಸಿಕೊಂಡ ಉತ್ತರ ಕರ್ನಾಟಕದ ದಲಿತ ಬಾಲಕಿಯರನ್ನು ಯಾರೂ ಒಪ್ಪಿಗೆ ಕೇಳಲಿಲ್ಲ. ಒತ್ತೆಯನ್ನು ಪಡೆದವರು ಅವರಲ್ಲ, ಒತ್ತೆಯಾದವರು ಅವರು. 1982ರ ಕರ್ನಾಟಕ ದೇವದಾಸಿ ಸಮರ್ಪಣೆ ನಿಷೇಧ ಕಾಯಿದೆ ಬಂದದ್ದು ಈ ಕಾರಣಕ್ಕೆ, ಅದು ನ್ಯಾಯವಾದದ್ದು. ಆದರೆ ಅದೇ ಪ್ರದೇಶದ ಕನ್ನಡ ಮಾತಾಡುವ ಹೆಂಗಸರು ಬೆಳೆದು ಸಾಂಗ್ಲಿ, ಮಿರಜಗಳಲ್ಲಿ 1996ರ 'ವೇಶ್ಯಾ ಅನ್ಯಾಯ ಮುಕ್ತಿ ಪರಿಷತ್ತಿ'ನ ಮೂಲಕ ಸಂಘಟಿತರಾಗಿ, ನಮ್ಮನ್ನು ಉದ್ಧರಿಸುವ ಮುನ್ನ ನಮ್ಮನ್ನು ಕೇಳಿ ಎಂಬ ಅರ್ಥದ ಮಾತನ್ನಾಡಿದ್ದೂ ಅಷ್ಟೇ ಸತ್ಯ. ಎಳವೆಯಲ್ಲಿ ಇಲ್ಲದ 'ಒಲ್ಲೆ'ಯನ್ನು ಅವರು ಪ್ರೌಢರಾದ ಮೇಲೆ ಗಳಿಸಿಕೊಂಡರು. ಅದನ್ನು ಮೊದಲು ಹೇಳಿದ್ದು ಉದ್ಧಾರಕರಿಗೆ. ಸಂಕವ್ವೆಯ ವಚನದಲ್ಲಿ ಕತ್ತಿಯ ಭೀತಿ ಇದೆ ಎಂಬುದನ್ನೂ ನಾವು ಮರೆಮಾಚಬಾರದು. ಕೊಲ್ಲುವವರು, ಕೊಯ್ಯುವವರು ಯಾರೆಂದು ಆಕೆ ಹೆಸರಿಸುವುದಿಲ್ಲ: ಅರಸನೊ, ಕೇರಿಯ ಕಟ್ಟಳೆಯೊ, ಸಮಾಜವೊ. ದಂಡದ ನೆರಳಿನಲ್ಲಿ ಹೇಳಿದ ನಿರಾಕರಣೆ ಪೂರ್ಣ ಸ್ವಾತಂತ್ರ್ಯವಲ್ಲ. ಆದರೂ ತಾನು ನಿರಾಕರಿಸುವುದಕ್ಕೆ ಆಕೆ ಕೊಡುವ ಕೊನೆಯ ಕಾರಣ ಹೆದರಿಕೆಯಲ್ಲ, ತಿಳಿವು.

5

ಮತ್ತೆ ಕಳಂಬೋಲಿಗೆ ಬರೋಣ. ಅಲ್ಲಿನ ಮಾರುಕಟ್ಟೆಯಲ್ಲಿ ಕಬ್ಬಿಣ ಹೊರುವ ಮಾಥಾಡಿಗೆ ಗೊತ್ತಾದ ಒಡೆಯನಿಲ್ಲ. ಇಂದು ಈ ಅಂಗಡಿ, ನಾಳೆ ಆ ಅಂಗಡಿ. ಇಂಥವನನ್ನು ಕಾರ್ಮಿಕನೆಂದು ಹೇಗೆ ಕರೆಯುವುದು ಎಂಬ ತೊಡಕನ್ನು ಮಹಾರಾಷ್ಟ್ರವು 1969ರ ಮಾಥಾಡಿ ಕಾಯಿದೆಯಿಂದ ಬಿಡಿಸಿತು. ಮಂಡಳಿಯಲ್ಲಿ ಹೆಸರು ನೋಂದಾಯಿಸಿ, ವರ್ತಕರಿಂದ ಕೂಲಿಯ ಜೊತೆಗೆ ಉಪಕರ ಪಡೆದು, ಭವಿಷ್ಯನಿಧಿ ಮುಂತಾದ ಸೌಲಭ್ಯಗಳನ್ನು ಒದಗಿಸಿತು. ಒಡೆಯನಿಲ್ಲದ ಮೈದುಡಿಮೆಗೂ ಕಾನೂನಿನಲ್ಲಿ ಜಾಗ ಮಾಡಬಹುದೆಂಬುದಕ್ಕೆ ಇದು ಪುರಾವೆ. ಲಾರಿಗಳ ಮರೆಯಲ್ಲಿ ನಿಂತವಳಿಗೆ ಅಂಥ ಜಾಗವಿಲ್ಲದಿರುವುದಕ್ಕೆ ಕಾರಣ ಕಾನೂನಿನ ಅಸಾಮರ್ಥ್ಯವಲ್ಲ. ಅವಳದು ದುಡಿಮೆಯೆಂದು ಒಪ್ಪಲು ನಮಗಿರುವ ಸಂಕೋಚ.

ಸಾಹಿತ್ಯ ಸಂಶೋಧಕರಾದ ನಾವು ಕಾಯಿದೆ ಮಾಡುವವರಲ್ಲ. ಆದರೆ ಪದಗಳನ್ನು ಕಾಯುವವರು. ಸಂಕವ್ವೆಯನ್ನು ಪತಿತೆಯೆಂದು, ಪರಿವರ್ತಿತೆಯೆಂದು ಓದುತ್ತ ಬಂದ ನಮ್ಮ ವಿಮರ್ಶೆ ಅವಳ ವಚನದ ಮೊದಲ ಪದವನ್ನೇ ಕೈಬಿಟ್ಟಿತು. ವಚನಸಂಪುಟಗಳ ಪದಕೋಶಗಳಲ್ಲಿ 'ಒತ್ತೆ'ಯ ಎದುರಿಗೆ ಕೂಲಿ, ಕರಾರು ಎಂಬ ಅರ್ಥಗಳನ್ನು ಸೇರಿಸುವುದರಿಂದ ಈ ಕೆಲಸವನ್ನು ಆರಂಭಿಸಬಹುದು. ಕಾವ್ಯಗಳಲ್ಲಿ, ಶಾಸನಗಳಲ್ಲಿ ಆ ಪದ ಎಲ್ಲೆಲ್ಲಿ ಬಂದಿದೆ, ಯಾರ ಬಾಯಲ್ಲಿ ಬಂದಿದೆ ಎಂಬುದನ್ನು ತರುಣ ಸಂಶೋಧಕರು ಪಟ್ಟಿಮಾಡಿದರೆ, ಇಂದು ಒಂಟಿಯಾಗಿ ಕಾಣುವ ಈ ವಚನಕ್ಕೆ ನೆರೆಹೊರೆ ದೊರೆತೀತು.